ಸಿಪ್ಪೆ ಸುಲಿದ್ರೆ ಸತ್ಯ ಸಿಗುತ್ತಾ? (ಓದುಗರ ಪ್ರಶ್ನೆ, ನಮ್ಮ ಉತ್ತರ)

ಪ್ರಶ್ನೆ: ನಮಸ್ಕಾರ ಸರ್. ನಮ್ಮ ಅಣ್ಣನ ಮಗ ಮಡಿಕೇರಿಲಿ ಡಿಗ್ರಿ ಓದ್ತಿದಾನೆ, ಕಥೆ ಬರೆಯೋ ಹುಚ್ಚು. ಈ ಸಲ ಕಾಫಿ ಕುಯ್ಲಲ್ಲಿ ನಮ್ಮನೇಲೇ ಇದ್ದ, ಕಾಫಿ ಹಣ್ಣಿನ ಸಿಪ್ಪೆ ಸುಲಿಯೋ ಪಲ್ಪರ್ ಮಷೀನ್ ಹತ್ರ ಕೂತ್ಕೊಂಡು ಕಥೆಗೋಸ್ಕರ ಒಂದು ದರ್ಶನಾನೇ ಕಟ್ಬಿಟ್ಟಿದಾನೆ, ಹೆಸರು ‘ಸಿಪ್ಪೆ ದರ್ಶನ’ ಅಂತೆ. ಕಣ್ಣಿಗೆ ಕಾಣೋ ಪ್ರಪಂಚ ಕೆಂಪು ಸಿಪ್ಪೆ, ಅದರೊಳಗಿನ ಸಿಹಿ ತಿರುಳು ನೆನಪು, ಅಂಟು ಅಂದ್ರೆ ಋಣ, ಬೀಜದ ಮೇಲಿನ ಗಟ್ಟಿ ಹೊಟ್ಟು ಪಾರ್ಚ್‌ಮೆಂಟ್ ಭಯ, ಬೀಜಕ್ಕಂಟಿರೋ ತೆಳು ಪೊರೆ ‘ನಾನು’, ಎಲ್ಲಾ ಸುಲಿದ ಮೇಲೆ ಬೀಜ ಅದೇ ಸತ್ಯ. ನಮ್ಮತ್ತೆಗೆ ಕೋಪ, ದೇವರ ವಿಷಯದಲ್ಲಿ ಆಟ ಆಡ್ಬಾರ್ದು ಅಂತಾರೆ. ಇಂಥದ್ದು ನಿಜವಾಗ್ಲೂ ಯಾವ್ದಾದ್ರೂ ಇದ್ಯಾ? ಅವನ್ದು ನಿಲ್ಲುತ್ತಾ?
(ಓದುಗರು, ನಾಪೋಕ್ಲು)

ಉತ್ತರ: ಮೊದ್ಲು ನಿಮ್ಮತ್ತೆಗೆ ಹೇಳಿ ಅಕ್ಕಾ, ಹುಡುಗ ತಪ್ಪೇನೂ ಮಾಡಿಲ್ಲ. ತೈತ್ತಿರೀಯ ಉಪನಿಷತ್ತಲ್ಲಿ ಭೃಗು ಅಪ್ಪ ವರುಣನ ಹತ್ರ ಹೋಗಿ ಬ್ರಹ್ಮ ಅಂದ್ರೇನು ಅಂತ ಕೇಳ್ತಾನೆ, ಅಪ್ಪ ನೇರವಾಗಿ ಉತ್ತರ ಕೊಡಲ್ಲ, ತಪಸ್ಸು ಮಾಡಿ ತಿಳ್ಕೋ ಅಂತಾನೆ. ಹುಡುಗ ಹೋಗಿ ‘ಅನ್ನ’ ಅಂತ ಕಂಡ್ಕೊಂಡು ಬರ್ತಾನೆ, ಸಮಾಧಾನ ಆಗಲ್ಲ, ಮತ್ತೆ ಹೋಗ್ತಾನೆ, ಪ್ರಾಣ, ಮನಸ್ಸು, ವಿಜ್ಞಾನ, ಕೊನೆಗೆ ಆನಂದ, ಐದು ಸಲ. ಮನುಷ್ಯನಿಗೆ ಐದು ಪದರ ಅನ್ನೋ ಪಂಚಕೋಶ ಅಂತಾರಲ್ಲ ಅದರ ಬೇರು ಅಲ್ಲೇ ಇರೋದು. ನಿಮ್ಮ ಹುಡುಗನೂ ಐದನ್ನೇ ಸುಲಿದಿದಾನೆ, ಕೇಳಿದ್ನೋ ತಾನಾಗೇ ಬಂತೋ ಅವನನ್ನೇ ಕೇಳಿ.

ನಿಲ್ಲುತ್ತಾ ಅಂದ್ರಲ್ಲ, ಅಲ್ಲೇ ನನ್ನ ತಕರಾರು. ಪದರ ಇದೆ ಅನ್ನೋದು ಸುಲಭ, ಈರುಳ್ಳಿ ಕಂಡವರೆಲ್ಲ ಹೇಳ್ಬಹುದು. ಒಳಗಿನ ಪದರ ಸಿಕ್ಕಿದ ಮೇಲೆ ಹೊರಗಿಂದು ಏನಾಗುತ್ತೆ ಅನ್ನೋದಕ್ಕೆ ಉತ್ತರ ಬೇಕು, ದರ್ಶನಗಳು ಹೊಡೆದಾಡೋದೇ ಇದಕ್ಕೆ.

ಅದ್ವೈತಿಗಳು ಮೂರು ಮಟ್ಟ ಹೇಳ್ತಾರೆ. ಮಬ್ಬಲ್ಲಿ ತೋಟಕ್ಕೆ ಹೋದ್ರೆ ಸ್ಪ್ರಿಂಕ್ಲರ್ ಪೈಪು ಹಾವಿನ ಥರ ಕಾಣುತ್ತೆ, ಎದೆ ಧಸಕ್ ಅನ್ನುತ್ತೆ, ಆ ಹಾವು ಪ್ರಾತಿಭಾಸಿಕ, ಅಂದ್ರೆ ಬರೀ ತೋರಿಕೆ. ಟಾರ್ಚ್ ಬಿಟ್ರೆ ಪೈಪು, ಅದು ವ್ಯಾವಹಾರಿಕ, ಅಂದ್ರೆ ದಿನನಿತ್ಯದ ನಿಜ, ನಾವು ನೀವು ಕಾಫಿ ರೇಟು ಎಲ್ಲಾ ಅದರಲ್ಲೇ. ಬ್ರಹ್ಮ ಒಂದೇ ಪಾರಮಾರ್ಥಿಕ, ಅಂದ್ರೆ ಕೊನೆಯ ನಿಜ. ಇಲ್ಲಿ ಮೇಲಿನ ತಿಳುವಳಿಕೆ ಕೆಳಗಿನದನ್ನ ಹೊಡೆದು ಹಾಕುತ್ತೆ, ಅದಕ್ಕೆ ‘ಬಾಧ’ ಅಂತಾರೆ. ಪೈಪು ಕಂಡ ಮೇಲೆ ಹಾವು ಓಡಿಹೋಯ್ತು ಅನ್ನಲ್ಲ, ಹಾವು ಇರಲೇ ಇಲ್ಲ ಅಂತೀವಿ. ಆದ್ರೆ ತೈತ್ತಿರೀಯ ಹಾಗೆ ಹೊಡೆಯಲ್ಲ, ಒಳಗಿನದು ಹೊರಗಿನದನ್ನ ತುಂಬ್ಕೊಂಡಿದೆ ಅನ್ನುತ್ತೆ. ಸುಲಿಯೋದೂ ತುಂಬೋದೂ ಒಂದೇ ಅಲ್ಲ.

ಇನ್ನು ಕುಶಾಲನಗರ ದಾಟಿದ್ರೆ ಬೈಲಕುಪ್ಪೆ, ಎಲ್ರೂ ಗೋಲ್ಡನ್ ಟೆಂಪಲ್ ನೋಡಿ ಮೊಮೊ ತಿಂದು ವಾಪಸ್ ಬರ್ತಾರೆ, ಅಲ್ಲೇ ಸೇರಾ ಮಠದಲ್ಲಿ ಟಿಬೆಟಿನ ಬೌದ್ಧ ಭಿಕ್ಷುಗಳು ಚಪ್ಪಾಳೆ ಹೊಡೆದು ವಾದ ಮಾಡೋದನ್ನ ಹುಡುಗನಿಗೆ ಒಂದ್ಸಲ ತೋರಿಸಿ. ಅವರ ಕಡೆ ಸತ್ಯ ಎರಡು, ಸಂವೃತಿ ಅಂದ್ರೆ ವ್ಯವಹಾರದ ಸತ್ಯ, ಮತ್ತೆ ಪರಮಾರ್ಥ. ಬೌದ್ಧ ದಾರ್ಶನಿಕ ನಾಗಾರ್ಜುನ ಹೇಳಿದ್ದು, ವ್ಯವಹಾರದ ಆಸರೆ ಇಲ್ದೆ ಪರಮಾರ್ಥ ಹೇಳಿಕೊಡೋಕೆ ಆಗಲ್ಲ ಅಂತ. ಅಂದ್ರೆ ಸಿಪ್ಪೆನ ಗೊಬ್ಬರದ ಗುಂಡಿಗೆ ಎಸೆಯೋ ಹಾಗಿಲ್ಲ! ಉಡುಪಿ ಮಧ್ವಾಚಾರ್ಯರನ್ನ ಕೇಳಿದ್ರೆ ಪದರದ ಮಾತೇ ಬೇಡ ಅಂದಿರೋರು, ಜೀವ ಜಡ ಈಶ್ವರ ಇವುಗಳ ಮಧ್ಯೆ ಐದು ಭೇದ, ಐದೂ ನಿಜ.

ಈಗ ನಿಮ್ಮ ಹುಡುಗನ ಬೀಜಕ್ಕೆ ಬರೋಣ. ಸುಲಿದು ಪಾಲಿಶ್ ಮಾಡಿದ ಬೀಜ ಮೂಸಿ ನೋಡಿ, ಕಾಫಿ ಘಮ ಇರಲ್ಲ, ಹುರಿದ ಮೇಲೇ ಬರೋದು. ಅದು ಸತ್ಯ ಆದ್ರೆ ಘಮ ಯಾವ ಪದರದಲ್ಲಿತ್ತು? ಇನ್ನೊಂದು ನಿಮಗೇ ಗೊತ್ತಿರೋದು, ನರ್ಸರಿಲಿ ಬಿತ್ತೋದು ಪಾರ್ಚ್‌ಮೆಂಟ್ ಇರೋ ಬೀಜಾನೇ. ಮೊಳಕೆ ಮೇಲೆ ಬರೋವಾಗ ಅದನ್ನ ತಲೆ ಮೇಲೆ ಹೊತ್ಕೊಂಡೇ ಬರುತ್ತೆ, ಟೋಪಿ ಅಂತೀವಲ್ಲ, ಆಮೇಲೆ ಎಲೆ ಬಿಚ್ಚಿದಾಗ ಟೋಪಿ ತಾನಾಗೇ ಕಳಚುತ್ತೆ. ಭಯಾನ ಪಾರ್ಚ್‌ಮೆಂಟ್ ಅಂದಿದಾನಲ್ಲ, ಅದನ್ನ ಸುಲಿಯೋದು ಬಿಟ್ಟು ಬಿತ್ತಿದ್ರೆ ಏನಾಗುತ್ತೆ ಅಂತ ಕಥೆಲಿ ಬರೀಲಿ, ಆಗ ಅದು ಬೇರೆಯವರ ಪಂಚಕೋಶ ಅಲ್ಲ, ಅವನ್ದೇ ಆಗುತ್ತೆ.

ಒಂದೇ ಎಚ್ಚರಿಕೆ, ‘ತಲಕಾವೇರಿ ಹತ್ರ ಸಾವಿರ ವರ್ಷದ ತಾಳೆಗರಿ ಸಿಕ್ತು’ ಅಂತೆಲ್ಲ ಕಥೆಲಿ ಹಾಕೋದಾದ್ರೆ ಕಥೆ ಅಂತ ಮೇಲೇ ಬರೀಲಿ. ಇಲ್ಲಾಂದ್ರೆ ಯಾರೋ ಆ ಒಂದು ಪೇಜನ್ನ ವಾಟ್ಸಾಪಿಗೆ ಬಿಡ್ತಾರೆ, ಮುಂದಿನ ಸೀಸನ್ನಿಗೆ ಹೋಮ್‌ಸ್ಟೇ ಗೆಸ್ಟ್‌ಗಳು ಸಿಪ್ಪೆ ಮಠ ಎಲ್ಲಿದೆ ಅಂತ ನಿಮ್ಮನೇ ಕೇಳ್ತಾರೆ.

ಪ್ರಶ್ನೆ: ಹದಿನಾಲ್ಕು ಲೋಕ ಅಂತಾರಲ್ಲ, ಅದೂ ಈ ಪದರಗಳೂ ಒಂದೇನಾ?
(ಓದುಗರು, ಸೋಮವಾರಪೇಟೆ)

ಉತ್ತರ: ಅಲ್ಲ. ಲೋಕ ಅಂದ್ರೆ ಮಹಡಿ ಇದ್ದ ಹಾಗೆ, ಭೂಲೋಕ ಸೇರಿ ಮೇಲಕ್ಕೆ ಏಳು, ಅತಲದಿಂದ ಪಾತಾಳದ ತನಕ ಕೆಳಗೆ ಏಳು, ಒಂದರಲ್ಲಿದ್ರೆ ಇನ್ನೊಂದರಲ್ಲಿ ಇರಲ್ಲ. ಕೋಶ ಹಾಗಲ್ಲ, ಈಗ ಕುರ್ಚಿ ಮೇಲೆ ಕೂತು ಇದನ್ನ ಓದ್ತಿರೋ ನಿಮ್ಮಲ್ಲೇ ಐದೂ ಒಟ್ಟಿಗಿದೆ.