ಕಾರ್ಡ್ ಬಿಲ್ಲಿನಲ್ಲಿ ಗುರುತಿಲ್ಲದ ಸಾಲು: ಮೊದಲು ಮೊತ್ತ ನೋಡಿ, ಆಮೇಲೆ ಹೆಸರು

ಪ್ರಶ್ನೆ: ಈ ತಿಂಗಳ ಕ್ರೆಡಿಟ್ ಕಾರ್ಡ್ ಸ್ಟೇಟ್‌ಮೆಂಟಿನಲ್ಲಿ ನನಗೆ ಗುರುತೇ ಸಿಗದ ಮೂರು ಸಾಲುಗಳಿವೆ. ಕಾಣಕೋಣದ ಯಾವುದೋ ಒಂದು ಹೆಸರಿನಲ್ಲಿ 1,515 ರೂ., ಬೆಂಗಳೂರಿನ ಒಂದು ಕಂಪನಿಯ ಹೆಸರಿನಲ್ಲಿ 2,360 ರೂ., ಇನ್ನೊಂದು ಬರೀ 89.82 ರೂ. ಮೂರನ್ನೂ ಮೋಸ ಎಂದು ಬ್ಯಾಂಕಿಗೆ ದೂರು ಕೊಡಲೇ? — ಕಾರವಾರದ ಓದುಗರು

ದೂರು ಕೊಡುವ ಮೊದಲು ಅರ್ಧ ಗಂಟೆ ಕೂತು ಹುಡುಕಿ. ಅರ್ಧ ಗಂಟೆಯಲ್ಲಿ ಸಿಗದಿದ್ದರೆ ಮಾತ್ರ ನಾಳೆ ನೋಡೋಣ ಎಂದು ಬಿಡಬೇಡಿ. ಯಾಕೆಂಬುದು ಮುಂದಿನ ಉತ್ತರದಲ್ಲಿದೆ.

ಸ್ಟೇಟ್‌ಮೆಂಟಿನಲ್ಲಿ ಬರುವ ಹೆಸರು ಅಂಗಡಿಯ ಬೋರ್ಡಿನ ಮೇಲಿರುವ ಹೆಸರೇ ಆಗಿರಬೇಕೆಂದಿಲ್ಲ. ಕಾರ್ಡ್ ಉಜ್ಜುವ ಮಷಿನ್ ಯಾರ ಹೆಸರಿನಲ್ಲಿ ನೋಂದಣಿಯಾಗಿದೆಯೋ ಅವರ ಹೆಸರು ಅಲ್ಲಿ ಬರುತ್ತದೆ. ಪೆಟ್ರೋಲ್ ಬಂಕಿನಲ್ಲಿ ತೈಲ ಕಂಪನಿಯ ಬದಲು ಬಂಕಿನ ಮಾಲೀಕರ ಸಂಸ್ಥೆಯ ಹೆಸರು ಬಂದಿರುತ್ತದೆ. ಕಾರವಾರದಿಂದ ಪೋಳೆಂ ಗಡಿ ದಾಟಿ ಗೋವಾದಲ್ಲಿ ಪೆಟ್ರೋಲ್ ಹಾಕಿಸುವುದು ನಿಮ್ಮಲ್ಲಿ ಹೊಸದೇನಲ್ಲ, ಆ ಭಾಗ ಕಾಣಕೋಣ ತಾಲ್ಲೂಕಿಗೇ ಸೇರುತ್ತದೆ. ಹಾಕಿಸಿದ್ದು 1,500 ರೂ. ಆದರೂ ಬಿಲ್ಲಿನಲ್ಲಿ 1,515 ಬಂದಿದೆಯೆಂದರೆ ಮೇಲಿನ 15 ರೂ. ಶೇ. 1ರ ಇಂಧನ ಸರ್‌ಚಾರ್ಜ್. ಅನೇಕ ಕಾರ್ಡುಗಳಲ್ಲಿ ಈ 15 ರೂ. ಆಮೇಲೆ ವಾಪಸು ಜಮೆಯಾಗುತ್ತದೆ, ಅದರ ಮೇಲಿನ 2.70 ರೂ. ಜಿಎಸ್‌ಟಿ ಮಾತ್ರ ಸಾಮಾನ್ಯವಾಗಿ ಬರುವುದಿಲ್ಲ.

ಬೆಂಗಳೂರು, ಮುಂಬೈ, ಗುರುಗ್ರಾಮ ಎಂದು ಕಂಡರೆ ಆನ್‌ಲೈನ್ ಪಾವತಿಯನ್ನು ನೆನಪಿಸಿಕೊಳ್ಳಿ. ಗೋಕರ್ಣದ ಹೋಂಸ್ಟೇಗೆ ಮುಂಗಡ ಕಟ್ಟಿದರೂ ಹಣ ಹೋಗುವುದು ರೇಜರ್‌ಪೇ, ಪೇಯು, ಬಿಲ್‌ಡೆಸ್ಕ್‌ನಂಥ ಪಾವತಿ ಸಂಸ್ಥೆಗಳ ಮೂಲಕ. ಸಾಲಿನಲ್ಲಿ ಮೊದಲು ಅವರ ಹೆಸರು, ಆಮೇಲೆ ನಕ್ಷತ್ರ ಚಿಹ್ನೆ, ಅದಾದ ಮೇಲೆ ಅರ್ಧಕ್ಕೇ ತುಂಡಾದ ವ್ಯಾಪಾರಿಯ ಹೆಸರು ಇರುತ್ತದೆ. ಹಾಗಾಗಿ ಹೆಸರು ಹಿಡಿದು ಹುಡುಕುವ ಬದಲು ಮೊತ್ತ ಹಿಡಿದು ಹುಡುಕಿ. ಫೋನಿನ ಎಸ್ಸೆಮ್ಮೆಸ್ಸಿನಲ್ಲಿ, ಇಮೇಲ್‌ನಲ್ಲಿ 2360 ಎಂದು ಟೈಪ್ ಮಾಡಿ ನೋಡಿ. 2,360 ಎಂದರೆ 2,000ಕ್ಕೆ ಶೇ. 18 ಜಿಎಸ್‌ಟಿ ಸೇರಿದ ಮೊತ್ತ. ಯಾವುದೋ ಸೇವೆಗೋ ಚಂದಾಕ್ಕೋ ಕಟ್ಟಿದ ಹಣವಾಗಿರುವ ಸಾಧ್ಯತೆ ಹೆಚ್ಚು.

89.82ಕ್ಕೆ ಒಂದು ಲೆಕ್ಕ ಇದೆ, ಕಲಿತಿಟ್ಟುಕೊಳ್ಳಿ, ಪ್ರತಿ ಬಿಲ್ಲಿಗೂ ಉಪಯೋಗಕ್ಕೆ ಬರುತ್ತದೆ. ಪೈಸೆ ಸಹಿತದ ಸಣ್ಣ ಮೊತ್ತ ಕಂಡರೆ ಅದನ್ನು 18ರಿಂದ ಭಾಗಿಸಿ 100ರಿಂದ ಗುಣಿಸಿ. 89.82ಕ್ಕೆ ಬರುವುದು 499, ಅಂದರೆ 89.82 ಎಂಬುದು 499ರ ಮೇಲಿನ ಶೇ. 18 ಜಿಎಸ್‌ಟಿ. ಆ 499 ಬಹುಶಃ ಕಾರ್ಡಿನ ವಾರ್ಷಿಕ ಶುಲ್ಕ, ಆ ಸಾಲು ಮೇಲೋ ಕೆಳಗೋ ಇದೆಯೇ ನೋಡಿ. 35.82 ಇದ್ದರೆ 199 ರೂ.ಗಳ ಇಎಂಐ ಪ್ರೊಸೆಸಿಂಗ್ ಶುಲ್ಕ ಇದೆಯೇ ಎಂದು ನೋಡಿ. ಡಾಲರ್ ಖರ್ಚಿಗೂ ಹೀಗೆಯೇ: 1,700 ರೂ. ಬೆಲೆಯ ವಿದೇಶಿ ಖರೀದಿಗೆ ಶೇ. 3.5 ಮಾರ್ಕಪ್ (ಬ್ಯಾಂಕ್ ಹಾಕುವ ಹೆಚ್ಚುವರಿ ಶುಲ್ಕ) ಎಂದರೆ 59.50, ಅದರ ಮೇಲೆ ಜಿಎಸ್‌ಟಿ 10.71. ಇವು ಬೇರೆ ಬೇರೆ ಸಾಲುಗಳಾಗಿ, ಕೆಲವೊಮ್ಮೆ ಬೇರೆ ತಾರೀಕಿನಲ್ಲಿ ಬರುವುದರಿಂದಲೇ ಗಾಬರಿಯಾಗುವುದು.

ತಾರೀಕಿನ ವಿಷಯದಲ್ಲೂ ಎಡವುತ್ತೇವೆ. ಶನಿವಾರ ಮಾಡಿದ ಖರ್ಚು ಖಾತೆಗೆ ಏರುವುದು ಸೋಮವಾರವೋ ಮಂಗಳವಾರವೋ ಆಗಬಹುದು. ಮನೆಯವರ ಕೈಯಲ್ಲಿ ಆಡ್-ಆನ್ ಕಾರ್ಡ್ (ನಿಮ್ಮ ಖಾತೆಗೇ ಸೇರಿದ ಇನ್ನೊಂದು ಕಾರ್ಡ್) ಇದ್ದರೆ ಸಾಲಿನ ಪಕ್ಕದ ಕೊನೆಯ ನಾಲ್ಕು ಅಂಕಿ ಯಾರದ್ದೆಂದು ನೋಡಿ. ಮಕ್ಕಳ ಫೋನಿನ ಆ್ಯಪ್ ಸ್ಟೋರಿಗೆ ನಿಮ್ಮ ಕಾರ್ಡ್ ಜೋಡಿಸಿಟ್ಟಿದ್ದರೆ ಅಲ್ಲಿನ ಖರೀದಿ ಇತಿಹಾಸ ತೆರೆದು ನೋಡಿ. ಫಾಸ್ಟ್ಯಾಗ್‌ಗೆ ಆಟೋ ರೀಚಾರ್ಜ್ ಇಟ್ಟು ಮರೆತವರಿಗೆ ಹಟ್ಟಿಕೇರಿ, ಹೊಳೆಗದ್ದೆ ಟೋಲ್ ನಾಲ್ಕು ಸಲ ದಾಟಿದ ವಾರದಲ್ಲಿ 500 ರೂ.ಗಳ ಸಾಲು ಕಾಣುತ್ತದೆ.

ಇಷ್ಟು ನೋಡಿದ ಮೇಲೂ ಉಳಿದುಕೊಂಡ ಸಾಲೇ ದೂರಿಗೆ ಅರ್ಹ. ಅದು 1 ರೂ. ಅಥವಾ 2 ರೂ. ಆಗಿದ್ದರೂ ಬಿಡಬೇಡಿ. ಕದ್ದ ಕಾರ್ಡ್ ನಂಬರ್ ಕೆಲಸ ಮಾಡುತ್ತದೆಯೇ ಎಂದು ಮೊದಲು ಇಂಥ ಪುಡಿ ಮೊತ್ತ ಎಳೆದು ನೋಡುತ್ತಾರೆ, ದೊಡ್ಡದು ಆಮೇಲೆ ಬರುತ್ತದೆ.

ಪ್ರಶ್ನೆ: ನಮ್ಮದು ಸಿದ್ದಾಪುರದ ಘಟ್ಟದ ಕೆಳಗಿನ ಹಳ್ಳಿ. ಮಳೆಗಾಲದಲ್ಲಿ ನೆಟ್‌ವರ್ಕ್ ನಾಲ್ಕೈದು ದಿನ ಇರುವುದಿಲ್ಲ. ನನ್ನ ಕಾರ್ಡಿನಿಂದ ವಿದೇಶಿ ವೆಬ್‌ಸೈಟಿಗೆ 8,900 ರೂ. ಹೋಗಿದೆ. ಓಟಿಪಿಯೇ ಬಂದಿಲ್ಲ. ಪೇಟೆಗೆ ಹೋದಾಗಲೇ ಎಸ್ಸೆಮ್ಮೆಸ್ ಬಂದದ್ದು. ಮೂರು ದಿನದೊಳಗೆ ಹೇಳಬೇಕಿತ್ತು ಎನ್ನುತ್ತಾರೆ. ಹಣ ಹೋಯಿತೇ?

ಹೋಗಿಲ್ಲ. ನಿಮ್ಮ ಪ್ರಶ್ನೆಗೆ ಸ್ವಲ್ಪ ಬಿಡಿಸಿಯೇ ಉತ್ತರಿಸಬೇಕು.

ಓಟಿಪಿ ಬಾರದಿದ್ದುದಕ್ಕೆ ಕಾರಣ ಸರಳ. ಭಾರತದ ವ್ಯಾಪಾರಿಗಳಿಗೆ ಆನ್‌ಲೈನ್ ಕಾರ್ಡ್ ಪಾವತಿಯಲ್ಲಿ ಎರಡನೇ ದೃಢೀಕರಣ ಕಡ್ಡಾಯ, ಅನೇಕ ವಿದೇಶಿ ತಾಣಗಳು ಅದನ್ನು ಕೇಳುವುದಿಲ್ಲ. ಕಾರ್ಡ್ ನಂಬರ್, ಅವಧಿ, ಹಿಂಬದಿಯ ಮೂರಂಕಿ ಸಿಕ್ಕರೆ ಸಾಕು.

ರಿಸರ್ವ್ ಬ್ಯಾಂಕಿನ 2017ರ ಜುಲೈ 6ರ ಸುತ್ತೋಲೆಯಲ್ಲಿ ಗ್ರಾಹಕರ ಹೊಣೆಯನ್ನು ಹೀಗೆ ನಿಗದಿ ಮಾಡಿದ್ದಾರೆ. ತಪ್ಪು ಬ್ಯಾಂಕಿನದ್ದೂ ಅಲ್ಲ, ನಿಮ್ಮದೂ ಅಲ್ಲ, ನಡುವೆ ಎಲ್ಲೋ ಮಾಹಿತಿ ಸೋರಿದೆ ಎಂದಾದರೆ, ಬ್ಯಾಂಕಿನ ಸೂಚನೆ ಸಿಕ್ಕ 3 ಕೆಲಸದ ದಿನಗಳೊಳಗೆ ತಿಳಿಸಿದವರ ಹೊಣೆ ಸೊನ್ನೆ. 4ರಿಂದ 7 ಕೆಲಸದ ದಿನದೊಳಗೆ ತಿಳಿಸಿದರೆ, 5 ಲಕ್ಷದವರೆಗಿನ ಮಿತಿಯ ಕಾರ್ಡಿಗೆ ಹೆಚ್ಚೆಂದರೆ 10,000 ರೂ., ಅದಕ್ಕಿಂತ ದೊಡ್ಡ ಮಿತಿಗೆ 25,000 ರೂ. ಅಥವಾ ಹೋದ ಮೊತ್ತ, ಯಾವುದು ಕಡಿಮೆಯೋ ಅದು. 7 ದಿನ ದಾಟಿದರೆ ಬ್ಯಾಂಕಿನ ಆಡಳಿತ ಮಂಡಳಿಯ ನೀತಿ ಏನು ಹೇಳುತ್ತದೋ ಅದು. ತಪ್ಪು ಬ್ಯಾಂಕಿನದ್ದೇ ಆಗಿದ್ದರೆ ದಿನದ ಲೆಕ್ಕವೇ ಇಲ್ಲ.

ಈಗ ನಿಮ್ಮ ಪರವಾಗಿರುವ ಮೂರು ಮಾತು. ದಿನಗಳನ್ನು ಎಣಿಸುವುದು ಹಣ ಹೋದ ದಿನದಿಂದಲ್ಲ, ಸೂಚನೆ ನಿಮಗೆ ಸಿಕ್ಕ ದಿನದಿಂದ, ಆ ದಿನವನ್ನೂ ಬಿಟ್ಟು. ರಜೆ ಯಾವುದು, ಕೆಲಸದ ದಿನ ಯಾವುದು ಎಂಬುದಕ್ಕೆ ನಿಮ್ಮ ಶಾಖೆಯ ವೇಳಾಪಟ್ಟಿಯೇ ಆಧಾರ. ಮೂರನೆಯದು ಬಹಳ ಮುಖ್ಯ: ಸಂದೇಶ ಎಷ್ಟು ಹೊತ್ತಿಗೆ ತಲುಪಿತು ಎಂಬ ದಾಖಲೆಯನ್ನು ಬ್ಯಾಂಕಿನ ವ್ಯವಸ್ಥೆಯೇ ಇಟ್ಟಿರಬೇಕು, ಗ್ರಾಹಕರ ಹೊಣೆಯನ್ನು ಸಾಬೀತು ಮಾಡುವ ಭಾರವೂ ಬ್ಯಾಂಕಿನ ಮೇಲೆಯೇ ಇದೆ. ಆದ್ದರಿಂದ ಫೋನಿನಲ್ಲಿ ಆ ಎಸ್ಸೆಮ್ಮೆಸ್ ತೆರೆದು ವಿವರ ಒತ್ತಿ, ಕಳಿಸಿದ ಹೊತ್ತು ಮತ್ತು ಬಂದ ಹೊತ್ತು ಎರಡೂ ಕಾಣುವಂತೆ ಸ್ಕ್ರೀನ್‌ಶಾಟ್ ತೆಗೆದಿಡಿ. ಒಂದು ಎಚ್ಚರಿಕೆ: ಇಮೇಲ್ ಮೊದಲೇ ಬಂದು ಕೂತಿದ್ದರೆ ಬ್ಯಾಂಕ್ ಅದನ್ನು ತೋರಿಸಬಹುದು.

ಇವತ್ತೇ ಮಾಡಬೇಕಾದ್ದು. ಬ್ಯಾಂಕಿನ ಆ್ಯಪ್ ಇಲ್ಲವೇ ಕಾರ್ಡಿನ ಹಿಂಬದಿಯ ನಂಬರಿನಿಂದ ಕಾರ್ಡ್ ಬ್ಲಾಕ್ ಮಾಡಿಸಿ. ಕಸ್ಟಮರ್ ಕೇರ್ ನಂಬರನ್ನು ಗೂಗಲ್‌ನಲ್ಲಿ ಹುಡುಕಬೇಡಿ, ಅಲ್ಲಿ ನಕಲಿ ನಂಬರುಗಳಿವೆ. ಅವರು ಕೊಡುವ ದೂರು ಸಂಖ್ಯೆ, ತಾರೀಕು, ಹೊತ್ತು ಬರೆದುಕೊಳ್ಳಿ. ಫೋನಿನಲ್ಲಿ ಹೇಳಿದ್ದು ಸಾಲದು, ಅದೇ ದಿನ ನೋಂದಾಯಿತ ಇಮೇಲ್‌ನಿಂದ ಬರೆಯಿರಿ. ಕಾಗದ ಉದ್ದ ಬೇಡ:

“ನನ್ನ ಕಾರ್ಡಿನಲ್ಲಿ (ಕೊನೆಯ ನಾಲ್ಕು ಅಂಕಿ) ಇಂಥ ತಾರೀಕು ಇಂಥ ಹೆಸರಿಗೆ ಆದ 8,900 ರೂ. ವ್ಯವಹಾರ ನಾನು ಮಾಡಿದ್ದಲ್ಲ. ಕಾರ್ಡ್ ನನ್ನ ಬಳಿಯೇ ಇದೆ. ಓಟಿಪಿ ಬಂದಿಲ್ಲ, ಯಾರಿಗೂ ಕೊಟ್ಟಿಲ್ಲ. ಸೂಚನೆ ನನಗೆ ತಲುಪಿದ್ದು ಇಂಥ ದಿನ ಇಷ್ಟು ಹೊತ್ತಿಗೆ. ದೂರು ಸಂಖ್ಯೆ ಇಂಥದ್ದು. ಇತ್ಯರ್ಥ ಆಗುವ ತನಕ ಈ ಮೊತ್ತಕ್ಕೆ ಬಡ್ಡಿ, ಶುಲ್ಕ ಹಾಕಬಾರದು. ತಾತ್ಕಾಲಿಕ ಜಮೆ ಕೊಡಬೇಕು.”

ತಿಳಿಸಿದ 10 ಕೆಲಸದ ದಿನದೊಳಗೆ ತಾತ್ಕಾಲಿಕ ಜಮೆ ಬರಬೇಕು, ಹೊಣೆ ಯಾರದ್ದೆಂದು 90 ದಿನದೊಳಗೆ ತೀರ್ಮಾನವಾಗಬೇಕು. ಮೋಸವೆಂದು ದೂರಿದ ವ್ಯವಹಾರಕ್ಕೆ ಇತ್ಯರ್ಥದವರೆಗೆ ಶುಲ್ಕ ಹಾಕುವಂತಿಲ್ಲ ಎಂದು ರಿಸರ್ವ್ ಬ್ಯಾಂಕಿನ ಕಾರ್ಡ್ ನಿರ್ದೇಶನದಲ್ಲೂ ಇದೆ. ಹಾಗೆಂದು ಪೂರ್ತಿ ಬಿಲ್ಲನ್ನೇ ಕಟ್ಟದೆ ಕೂತರೆ ನಷ್ಟ ನಿಮಗೇ: ತಕರಾರಿನ ಮೊತ್ತ ಕಳೆದು ಉಳಿದದ್ದನ್ನು ಗಡುವಿನೊಳಗೆ ಕಟ್ಟಿ, ಹಾಗೆ ಕಟ್ಟಿದ್ದೇನೆಂದು ಅದೇ ಇಮೇಲ್‌ಗೆ ಉತ್ತರವಾಗಿ ಬರೆಯಿರಿ.

ಹೊಸ ಕಾರ್ಡ್ ಬಂದ ಮೇಲೆ ಆ್ಯಪ್‌ನಲ್ಲಿ ವಿದೇಶಿ ವ್ಯವಹಾರದ ಸ್ವಿಚ್ ಆಫ್ ಮಾಡಿಡಿ. ಬೇಕಾದ ದಿನ ಆನ್ ಮಾಡಿದರಾಯಿತು.

ಪ್ರಶ್ನೆ: ಮುರ್ಡೇಶ್ವರದಲ್ಲಿ ರೂಮಿಗೆ 6,400 ರೂ. ಕಟ್ಟಿ, ಷರತ್ತಿನಂತೆ ಸಮಯಕ್ಕೇ ರದ್ದು ಮಾಡಿದೆ. ಹಣ ಕೊಡುತ್ತೇವೆ ಎಂದವರು ಒಂದೂವರೆ ತಿಂಗಳಾದರೂ ಕೊಟ್ಟಿಲ್ಲ. ಮೋಸ ಎಂದು ಬ್ಯಾಂಕಿಗೆ ಬರೆಯಬಹುದೇ? — ಕುಮಟಾ

ಬರೆಯಬೇಡಿ. ದೂರುಗಳು ಬಿದ್ದುಹೋಗುವುದು ಹೆಚ್ಚಾಗಿ ಇಲ್ಲಿಯೇ. ಓಟಿಪಿ ಕೊಟ್ಟು ನೀವೇ ಕಟ್ಟಿದ್ದೀರಿ. “ನಾನು ಮಾಡಿದ್ದಲ್ಲ” ಎಂಬ ಖಾನೆಗೆ ಗುರುತು ಹಾಕಿದರೆ ಬ್ಯಾಂಕ್ ಓಟಿಪಿ ದಾಖಲೆ ನೋಡಿ ದೂರು ಮುಚ್ಚುತ್ತದೆ, ಕಾರ್ಡೂ ಸುಮ್ಮನೆ ಬ್ಲಾಕ್ ಆಗುತ್ತದೆ. ಬ್ಯಾಂಕಿನ ಡಿಸ್ಪ್ಯೂಟ್ (ತಕರಾರು) ಫಾರ್ಮಿನಲ್ಲಿ “ರದ್ದು ಮಾಡಿದ್ದೇನೆ, ಮರುಪಾವತಿ ಬಂದಿಲ್ಲ” ಎಂಬ ಕಾರಣ ಬೇರೆಯೇ ಇರುತ್ತದೆ, ಅದನ್ನು ಆರಿಸಿ. ಎರಡು ಸಲ ಕಡಿತವಾದದ್ದು, ಮೊತ್ತ ಹೆಚ್ಚಾದದ್ದು, ರದ್ದು ಮಾಡಿದ ಚಂದಾ ಮತ್ತೆ ಕಡಿತವಾದದ್ದು, ಇವಕ್ಕೆಲ್ಲ ಪ್ರತ್ಯೇಕ ಖಾನೆಗಳಿವೆ.

ಇದಕ್ಕೆ ಚಾರ್ಜ್‌ಬ್ಯಾಕ್ ಎನ್ನುತ್ತಾರೆ. ನಿಮ್ಮ ಬ್ಯಾಂಕ್ ಕಾರ್ಡ್ ನೆಟ್‌ವರ್ಕಿನ ಮೂಲಕ ವ್ಯಾಪಾರಿಯ ಬ್ಯಾಂಕಿಗೆ ಹಣ ವಾಪಸು ಕೇಳುತ್ತದೆ, ವ್ಯಾಪಾರಿ ತನ್ನ ದಾಖಲೆ ಕೊಟ್ಟು ಎದುರಿಸಬಹುದು. ಗೆಲ್ಲುವುದು ಕಾಗದ ಇದ್ದವರು. ಬುಕಿಂಗ್ ರಸೀದಿ, ರದ್ದತಿಯ ಷರತ್ತು ಇರುವ ಪುಟದ ಚಿತ್ರ, ರದ್ದು ಮಾಡಿದ ತಾರೀಕಿನ ಸಂದೇಶ, “ಕೊಡುತ್ತೇವೆ” ಎಂದು ಅವರು ಬರೆದದ್ದು, ಈ ನಾಲ್ಕನ್ನೂ ಸೇರಿಸಿ. ಅವರು ಬಾಯಿಮಾತಿನಲ್ಲಷ್ಟೇ ಹೇಳಿದ್ದರೆ ಇವತ್ತೇ ವಾಟ್ಸ್‌ಆ್ಯಪ್‌ನಲ್ಲಿ ಕೇಳಿ ಉತ್ತರ ಬರೆಸಿಕೊಳ್ಳಿ. ವೀಸಾ, ಮಾಸ್ಟರ್‌ಕಾರ್ಡ್‌ಗಳಲ್ಲಿ ಗಡುವು ಸಾಮಾನ್ಯವಾಗಿ 120 ದಿನ, ಆದರೆ ಅನೇಕ ಬ್ಯಾಂಕುಗಳು 60 ದಿನದೊಳಗೆ ಫಾರ್ಮ್ ಕೇಳುತ್ತವೆ. ಒಂದೂವರೆ ತಿಂಗಳು ಆಗಲೇ ಕಳೆದಿದೆ, ಈ ವಾರವೇ ಕೊಡಿ.

ಪ್ರಶ್ನೆ: ಹೋದ ತಿಂಗಳು ಪೂರ್ತಿ ಬಾಕಿ ತೀರಿಸಿದ್ದೇನೆ. ಆದರೂ ಬಡ್ಡಿ 412 ರೂ. ಬಂದಿದೆ. — ಅಂಕೋಲಾ

ಅದಕ್ಕೂ ಹಿಂದಿನ ತಿಂಗಳು ಕನಿಷ್ಠ ಮೊತ್ತವನ್ನಷ್ಟೇ ಕಟ್ಟಿದ್ದಿರಾ ನೋಡಿ. ಒಮ್ಮೆ ಪೂರ್ತಿ ಕಟ್ಟದಿದ್ದರೆ ಬಡ್ಡಿರಹಿತ ಅವಧಿ ಕೈತಪ್ಪುತ್ತದೆ. ಬಿಲ್ ತಯಾರಾದ ದಿನದಿಂದ ನೀವು ಹಣ ಕಟ್ಟಿದ ದಿನದವರೆಗಿನ ಬಡ್ಡಿ ಮುಂದಿನ ಬಿಲ್ಲಿಗೆ ಬರುತ್ತದೆ. ತಿಂಗಳಿಗೆ ಶೇ. 3.5ರಷ್ಟು ದರ ಇರುವಲ್ಲಿ ಇದು ಸಣ್ಣದಲ್ಲ. ಹಾಗೆ ಆಗಿರದಿದ್ದರೆ ಬ್ಯಾಂಕಿಗೆ ಬರೆದು ಲೆಕ್ಕ ಕೇಳಿ: ತಕರಾರಿನ ಬಿಲ್ಲಿಗೆ ವಿವರಣೆ, ಬೇಕಾದಲ್ಲಿ ದಾಖಲೆ, 30 ದಿನದೊಳಗೆ ಕೊಡಬೇಕು.

ಪ್ರಶ್ನೆ: ರಿವಾರ್ಡ್ ಪಾಯಿಂಟ್ ಮುಗಿಯುತ್ತದೆ ಎಂದು ಕರೆ ಬಂತು, ನನ್ನ ತಂದೆ ಓಟಿಪಿ ಹೇಳಿಬಿಟ್ಟರು. 38,000 ರೂ. ಹೋಗಿದೆ. ಇನ್ನು ದೂರು ಕೊಟ್ಟು ಪ್ರಯೋಜನ ಉಂಟೇ? — ಶಿರಸಿ

ಉಂಟು, ನಿಮಿಷ ಲೆಕ್ಕದಲ್ಲಿ ಉಂಟು. ಓಟಿಪಿ ನಾವೇ ಕೊಟ್ಟಾಗ ಬ್ಯಾಂಕಿಗೆ ತಿಳಿಸುವವರೆಗಿನ ನಷ್ಟ ನಮ್ಮದು, ತಿಳಿಸಿದ ಮೇಲಿನದ್ದು ಬ್ಯಾಂಕಿನದ್ದು. ಮೊದಲು ಕಾರ್ಡ್ ಬ್ಲಾಕ್ ಮಾಡಿಸಿ, ಕೂಡಲೇ ಸೈಬರ್ ವಂಚನೆಯ ಸಹಾಯವಾಣಿ 1930ಕ್ಕೆ ಕರೆ ಮಾಡಿ. ಹಣ ಇನ್ನೂ ಯಾವುದಾದರೂ ಖಾತೆಯಲ್ಲೋ ವಾಲೆಟ್‌ನಲ್ಲೋ ನಿಂತಿದ್ದರೆ ಅಲ್ಲೇ ತಡೆಹಿಡಿಯಲು ಆಗುತ್ತದೆ. ರಾಷ್ಟ್ರೀಯ ಸೈಬರ್ ಅಪರಾಧ ಪೋರ್ಟಲ್‌ನಲ್ಲಿ ದೂರು ದಾಖಲಿಸಿ ಆ ಸಂಖ್ಯೆಯನ್ನು ಬ್ಯಾಂಕಿಗೂ ಕೊಡಿ. ಕಾರವಾರದ ಸಿಇಎನ್ (ಸೈಬರ್, ಆರ್ಥಿಕ, ಮಾದಕವಸ್ತು ಅಪರಾಧಗಳ) ಪೊಲೀಸ್ ಠಾಣೆ ಇಂಥ ಪ್ರಕರಣಗಳಿಗೆಂದೇ ಇದೆ, ಆದರೆ ಅಲ್ಲಿಗೆ ಹೊರಡುವ ಮೊದಲೇ 1930ರ ಕರೆ ಆಗಿರಲಿ.

ಬ್ಯಾಂಕ್ 30 ದಿನದಲ್ಲಿ ಉತ್ತರ ಕೊಡದಿದ್ದರೆ, ಕೊಟ್ಟ ಉತ್ತರ ಒಪ್ಪಿಗೆ ಆಗದಿದ್ದರೆ, ರಿಸರ್ವ್ ಬ್ಯಾಂಕಿನ ಒಂಬುಡ್ಸ್‌ಮನ್‌ (ಗ್ರಾಹಕರ ದೂರು ವಿಚಾರಿಸುವ ಅಧಿಕಾರಿ) ಬಳಿಗೆ ತಡಮಾಡದೆ ಹೋಗಿ. ಸಿಎಂಎಸ್ ಎಂಬ ಅವರ ದೂರು ಪೋರ್ಟಲ್‌ನಲ್ಲಿ ದೂರು ಕೊಡಬಹುದು, ಶುಲ್ಕ ಇಲ್ಲ, ವಕೀಲರೂ ಬೇಡ. 14448ಕ್ಕೆ ಕರೆ ಮಾಡಿದರೆ ಕನ್ನಡದಲ್ಲೇ ದಾರಿ ಹೇಳುತ್ತಾರೆ. ಬ್ಯಾಂಕಿಗೆ ಬರೆಯದೆ ನೇರ ಅಲ್ಲಿಗೆ ಹೋದರೆ ದೂರು ತಿರಸ್ಕಾರವಾಗುತ್ತದೆ. ಆದ್ದರಿಂದ ಬ್ಯಾಂಕಿಗೆ ಮೊದಲು ಕಳಿಸಿದ ಇಮೇಲ್ ಮತ್ತು ದೂರು ಸಂಖ್ಯೆಯನ್ನು ಜೋಪಾನವಾಗಿಡಿ. ತಂದೆಯವರನ್ನು ಬಯ್ಯಬೇಡಿ, ಕರೆ ಬಂದ ನಂಬರ್, ಹೊತ್ತು, ಅವರು ಆಡಿದ ಮಾತು ನೆನಪಿರುವಾಗಲೇ ಕೇಳಿ ಬರೆದುಕೊಳ್ಳಿ. ದೂರಿಗೆ ಅದೆಲ್ಲ ಬೇಕಾಗುತ್ತದೆ.