ಹಿತ್ತಲಿನ ಕಪ್ಪು ದುಂಬಿ ಬಂಬಲ್‌ಬೀ ಅಲ್ಲ

ಪ್ರಶ್ನೆ: ಹೊರದೇಶಗಳಲ್ಲಿ ಬಂಬಲ್‌ಬೀ ಎಂಬ ದುಂಬಿಗಳು ಅಳಿಯುತ್ತಿವೆ ಎಂದು ಓದಿದೆ. ಚಿತ್ರ ನೋಡಿದರೆ ನಮ್ಮ ಹಿತ್ತಲಲ್ಲಿ ಹಾರುವ ದುಂಬಿಯ ಹಾಗೇ ಇತ್ತು. ನಾನು ಚಿಕ್ಕವಳಿದ್ದಾಗ ಬೇಲಿಯ ಹೂವಿನ ಮೇಲೆ ಯಾವಾಗಲೂ ಗುಂಯ್ ಅನ್ನುತ್ತಿದ್ದವು. ಈಗ ಅಪರೂಪಕ್ಕೆ ಒಂದು ಕಾಣುತ್ತೆ. ಇವೂ ಅಳಿಯುತ್ತಿವೆಯೇ? ನಾವೇನು ಮಾಡಬಹುದು?
– ಗೃಹಿಣಿ, ತೀರ್ಥಹಳ್ಳಿ ತಾಲ್ಲೂಕು

ಉತ್ತರ: ನಿಮ್ಮ ಹಿತ್ತಲಲ್ಲಿ ಹಾರುವುದು ಬಂಬಲ್‌ಬೀ ಅಲ್ಲ. ಮಲೆನಾಡಿನಲ್ಲಿ ಬಂಬಲ್‌ಬೀ ಇಲ್ಲ. ನಮ್ಮ ದೇಶದಲ್ಲಿ ಅವು ಇರುವುದು ಹಿಮಾಲಯದ ಸೀಮೆಯಲ್ಲಿ, ಸುಮಾರು 48 ಜಾತಿ. ನೀವು ನೋಡುವುದು ಬಡಗಿ ದುಂಬಿ. ವಿಜ್ಞಾನಿಗಳು ಇದಕ್ಕಿಟ್ಟ ಹೆಸರು ಕ್ಸೈಲೊಕೋಪ. ಗ್ರೀಕ್ ಭಾಷೆಯಲ್ಲಿ ಮರ ಕಡಿಯುವವನು ಅಂತ ಅರ್ಥ. ಕೆಲವರು ಗುಂಗಿ ಹುಳ ಅಂತಲೂ ಕರೆಯುತ್ತಾರೆ.

ಗುರುತು ಹಿಡಿಯುವುದು ಸುಲಭ. ಬಂಬಲ್‌ಬೀಗೆ ಮೈತುಂಬಾ ಕಂಬಳಿ ಹೊದ್ದ ಹಾಗೆ ರೋಮ. ಬಡಗಿ ದುಂಬಿಯ ಹಿಂಭಾಗ ಬೋಳು, ಎಣ್ಣೆ ಸವರಿದ ಹಾಗೆ ಮಿರಮಿರ ಹೊಳೆಯುತ್ತೆ. ಬಿಸಿಲು ಬಿದ್ದಾಗ ರೆಕ್ಕೆಯಲ್ಲಿ ನೀಲಿ, ಹಸಿರು, ನೇರಳೆ ಆಡುತ್ತೆ.

ಆ ಕಂಬಳಿ ಸುಮ್ನೆ ಬಂದದ್ದಲ್ಲ. ಬಂಬಲ್‌ಬೀ ಚಳಿಸೀಮೆಯ ಜೀವ. ಹಾರುವ ಮೊದಲು ಎದೆಯ ಸ್ನಾಯುಗಳನ್ನು ನಡುಗಿಸಿ ಮೈ ಬಿಸಿ ಮಾಡಿಕೊಳ್ಳುತ್ತೆ. ಚಳಿಗಾಲ ಬಂತೆಂದರೆ ಇಡೀ ಗೂಡು ಸಾಯುತ್ತೆ. ಆ ವರ್ಷ ಹುಟ್ಟಿದ ಹೊಸ ರಾಣಿಗಳು ಮಾತ್ರ ಮಣ್ಣಿನೊಳಗೆ ಒಂಟಿಯಾಗಿ ಮಲಗಿ ಚಳಿ ಕಳೆಯುತ್ತವೆ. ಚಳಿ ಮುಗಿದ ಮೇಲೆ ಎದ್ದು, ಇಲಿ ಬಿಟ್ಟುಹೋದ ಬಿಲವನ್ನೋ ಹುಲ್ಲಿನ ಬುಡವನ್ನೋ ಹುಡುಕಿ ಹೊಸ ಸಂಸಾರ ಹೂಡುತ್ತವೆ. ಒಬ್ಬ ರಾಣಿ ಸತ್ತರೆ ಮುಂದಿನ ವರ್ಷದ ಒಂದು ಗೂಡೇ ಹೋಯಿತು.

ನೀವು ಓದಿದ ಸುದ್ದಿ ನಿಜ. ಅಮೆರಿಕದಲ್ಲಿ ಬೆನ್ನಿನ ಮೇಲೆ ತುಕ್ಕಿನ ಬಣ್ಣದ ಮಚ್ಚೆಯಿರುವ ಒಂದು ಬಂಬಲ್‌ಬೀ ಇದೆ. ಅದು ಮೊದಲಿದ್ದ ಸೀಮೆಯ ಶೇಕಡಾ 87ರಷ್ಟು ಭಾಗದಿಂದ ಮಾಯವಾಗಿದೆ. 2017ರಲ್ಲಿ ಅಲ್ಲಿನ ಸರ್ಕಾರ ಅದನ್ನು ಅಳಿವಿನಂಚಿನ ಪಟ್ಟಿಗೆ ಸೇರಿಸಿತು. ಫ್ರಾಂಕ್ಲಿನ್ ಬಂಬಲ್‌ಬೀ ಎಂಬ ಇನ್ನೊಂದು ಜಾತಿ ಕೊನೆಯ ಸಲ ಕಂಡಿದ್ದು 2006ರಲ್ಲಿ, ಆರೆಗನ್ ರಾಜ್ಯದಲ್ಲಿ. ಹೂವಿನ ಹುಲ್ಲುಗಾವಲು ಹೋಗಿ ಒಂದೇ ಬೆಳೆಯ ಹೊಲ ಬಂದದ್ದು, ಕೀಟನಾಶಕ, ಏರುತ್ತಿರುವ ಬಿಸಿ, ಸಾಕಿದ ಗೂಡುಗಳಿಂದ ಕಾಡಿನವುಗಳಿಗೆ ಹರಡಿದ ರೋಗ, ಹೀಗೆ ಎಲ್ಲವೂ ಒಟ್ಟಿಗೆ ಬಿದ್ದವು.

ಈಗ ನಮ್ಮ ದುಂಬಿಗೆ ಬರೋಣ. ನಿಮಗೆ ಒಂದು ಕೆಲಸ ಕೊಡುತ್ತೇನೆ. ಬಿಸಿಲು ಸ್ವಲ್ಪ ಏರಿದ ಮೇಲೆ ಬದನೆ ಗಿಡದ ಹತ್ತಿರ ಕೂತು ನೋಡಿ. ದುಂಬಿ ಬಂದು ಹೂವಿಗೆ ಜೋತು ಬೀಳುತ್ತೆ. ಅದರ ಭಾರಕ್ಕೆ ಹೂವು ಬಗ್ಗುತ್ತೆ. ನಡುವಿನ ಹಳದಿ ಕೇಸರಗಳನ್ನು ಕಾಲಲ್ಲಿ ತಬ್ಬಿಕೊಳ್ಳುತ್ತೆ. ರೆಕ್ಕೆ ಮಡಚಿಯೇ ಇರುತ್ತೆ, ಆದರೂ ಹಾರುವಾಗಿನ ದಪ್ಪ ದನಿ ಹೋಗಿ ಒಂದು ಚೂಪು ದನಿ ಬರುತ್ತೆ. ಝೀಂ, ಝೀಂ ಅಂತ ಎರಡು ಮೂರು ಸಲ. ಆ ಕ್ಷಣಕ್ಕೆ ಹೂವಿನಿಂದ ಹಿಟ್ಟು ಜರಡಿ ಹಿಡಿದ ಹಾಗೆ ಪರಾಗ ಉದುರಿ ಅದರ ಹೊಟ್ಟೆಗೆ ಮೆತ್ತಿಕೊಳ್ಳುತ್ತೆ.

ಬದನೆ, ಟೊಮೆಟೊ ಹೂವಿನ ಪರಾಗ ಹೊರಗೆ ತೆರೆದುಕೊಂಡಿರುವುದಿಲ್ಲ. ಕೊಳವೆಯಂಥ ಕೇಸರದ ಒಳಗಿರುತ್ತೆ, ತುದಿಯಲ್ಲಿ ಸೂಜಿಮೊನೆಯಷ್ಟು ತೂತು. ಅಲುಗಾಡಿಸಿದರೆ ಮಾತ್ರ ಚೆನ್ನಾಗಿ ಬೀಳುತ್ತೆ. ತುಡುವೆ ಜೇನಿಗಾಗಲಿ ಹೆಜ್ಜೇನಿಗಾಗಲಿ ಹೀಗೆ ಅಲುಗಿಸುವ ವಿದ್ಯೆ ಇಲ್ಲ. ಚಳಿದೇಶದಲ್ಲಿ ಬಂಬಲ್‌ಬೀ ಮಾಡುವ ಈ ಕೆಲಸವನ್ನು ನಮ್ಮಲ್ಲಿ ಬಡಗಿ ದುಂಬಿ ಮತ್ತು ನೀಲಿ ಪಟ್ಟೆಯ ಇನ್ನೊಂದು ಕಾಡುಜೇನು ಮಾಡುತ್ತವೆ. ಕಾಡಂಚಿನ ನೆಕ್ಕರಿಕದ ನೇರಳೆ ಹೂವು, ಕಕ್ಕೆ ಮರದ ಹಳದಿ ಗೊಂಚಲು ಕೂಡ ಇಂಥವನ್ನೇ ನಂಬಿವೆ. ತೊಗರಿ, ಹೊಂಗೆಗೂ ದುಂಬಿ ಬೇಕು. ಶರಬತ್ ಹಣ್ಣಿನ ದೊಡ್ಡ ಹೂವಿಗಂತೂ ಪುಟ್ಟ ಜೇನು ಸಾಲುವುದೇ ಇಲ್ಲ. ಬೆನ್ನಿಗೆ ಪರಾಗ ತಾಗಬೇಕಾದರೆ ದುಂಬಿಯಷ್ಟು ದಪ್ಪ ಮೈ ಇರಬೇಕು. ಇನ್ನೊಂದು ವಿಷಯ ನನಗೆ ಈಗಲೂ ಬೆರಗು. ಪಶ್ಚಿಮ ಘಟ್ಟದಲ್ಲೇ ರಾತ್ರಿ ಹಾರುವ ಬಡಗಿ ದುಂಬಿ ಇದೆ. ಮಹಾರಾಷ್ಟ್ರದ ಭೀಮಾಶಂಕರ ಕಾಡಿನಲ್ಲಿ ಅದನ್ನು ಅಧ್ಯಯನ ಮಾಡಿದ್ದಾರೆ. ಚಂದ್ರನಿಲ್ಲದ ರಾತ್ರಿಯಲ್ಲೂ ಅದು ಹೂವು ಹುಡುಕಿ ಹೋಗುತ್ತೆ.

ಇನ್ನು ಕಡಿಮೆಯಾಗುವ ಮಾತು. ಬಂಬಲ್‌ಬೀ ಗೂಡಿನಲ್ಲಿ ನೂರಾರು ಹುಟ್ಟುತ್ತವೆ. ಬಡಗಿ ದುಂಬಿಯ ಲೆಕ್ಕವೇ ಬೇರೆ. ಒಣಮರದಲ್ಲಿ ಬೆರಳಿನ ಗಾತ್ರದ ತೂತು ಕೊರೆದು, ಒಳಗೆ ಒಂದು ಉಂಡೆ ಪರಾಗ ಇಟ್ಟು, ಅದರ ಮೇಲೆ ಒಂದೇ ಮೊಟ್ಟೆ ಇಡುತ್ತೆ. ಮರದ ಹೊಟ್ಟಿನಿಂದ ಗೋಡೆ ಕಟ್ಟಿ ಮತ್ತೊಂದು ಕೋಣೆ ಶುರು ಮಾಡುತ್ತೆ. ಮೊಟ್ಟೆ ಅಕ್ಕಿಕಾಳಿಗಿಂತ ಉದ್ದ, ಕೀಟಲೋಕದಲ್ಲೇ ಅತಿ ದೊಡ್ಡ ಮೊಟ್ಟೆಗಳ ಸಾಲಿಗೆ ಸೇರುವಂಥದ್ದು. ಒಂದು ಸುರಂಗದಲ್ಲಿ ಕೈಬೆರಳಲ್ಲಿ ಎಣಿಸುವಷ್ಟು ಮರಿ. ಇಷ್ಟು ನಿಧಾನವಾಗಿ ಹೆಚ್ಚುವ ಜೀವ ಒಮ್ಮೆ ಕಡಿಮೆಯಾದರೆ ಬೇಗ ಚೇತರಿಸಿಕೊಳ್ಳುವುದಿಲ್ಲ.

1990ರ ದಶಕದ ಮೊದಲ ವರ್ಷಗಳಲ್ಲಿ ಥಾಯ್ ಸ್ಯಾಕ್‌ಬ್ರೂಡ್ ರೋಗ ಬಂದು ತುಡುವೆ ಜೇನು ಸಾಲುಸಾಲಾಗಿ ಸತ್ತಾಗ ಮಲೆನಾಡಿಗೆಲ್ಲ ಗೊತ್ತಾಯಿತು. ಪೆಟ್ಟಿಗೆ ಖಾಲಿಯಾಗಿದ್ದು ಕಣ್ಣಿಗೆ ಕಂಡಿತ್ತು. ದುಂಬಿಗೆ ಪೆಟ್ಟಿಗೆಯಿಲ್ಲ, ತುಪ್ಪವಿಲ್ಲ, ಯಜಮಾನರಿಲ್ಲ. ಹೋದರೆ ಯಾರೂ ಕೇಳುವವರಿಲ್ಲ. ನಿಮ್ಮ ಹಾಗೆ ಒಬ್ಬರು ಬೇಲಿ ನೋಡಿ ಬರೆದರಲ್ಲ, ನನಗೆ ಅದೇ ದೊಡ್ಡದು.

ನಮ್ಮ ಸುತ್ತ ಏನು ಬದಲಾಗಿದೆ ನೋಡಿ. ಹಿಂದೆ ಹಿತ್ತಲಲ್ಲಿ ಒಣ ಬಿದಿರಿನ ರಾಶಿ ಇರುತ್ತಿತ್ತು. ಕೊಟ್ಟಿಗೆ ಪಕಾಸಿ, ಹಳೇ ಬೇಲಿಗೂಟ, ಒಣಗಿ ನಿಂತ ಹಾಲುವಾಣ ಇರುತ್ತಿದ್ದವು. ದುಂಬಿಗೆ ಅದೇ ಮನೆ. ಈಗ ಬೇಲಿ ಕಲ್ಲುಕಂಬ ಮತ್ತು ತಂತಿ, ಕೊಟ್ಟಿಗೆ ಸಿಮೆಂಟು ಮತ್ತು ಕಬ್ಬಿಣ. ಒಣಮರ ಕಂಡರೆ ಒಲೆಗೋ ಗರಗಸಕ್ಕೋ ಹೋಗುತ್ತೆ. ಲಕ್ಕಿ ಗಿಡ, ಗೊಬ್ಬರದ ಗಿಡದ ಬೇಲಿ ತೆಗೆದೆವು. ಉಳಿದ ಅಂಚಿಗೆ ಕಳೆನಾಶಕ ಹೊಡೆದೆವು. ಗುಡ್ಡದ ಮೇಲೆ ಉದ್ದಕ್ಕೂ ಅಕೇಶಿಯಾ ಬಂತು. ಸೊಪ್ಪಿನಬೆಟ್ಟ ತೋಟವಾಯಿತು. ಇದರಲ್ಲಿ ಯಾವುದನ್ನೂ ದುಂಬಿಗೆ ಕೇಡು ಬಯಸಿ ಮಾಡಿದ್ದಲ್ಲ. ಆದರೆ ಅದಕ್ಕೆ ಮನೆ, ಊಟ ಎರಡೂ ಒಟ್ಟಿಗೆ ಹೋದವು.

ಮಾಡಬೇಕಾದ್ದು ಕಷ್ಟವೇನಲ್ಲ. ಒಣ ಬಿದಿರಿನ ಏಳೆಂಟು ತುಂಡುಗಳನ್ನು ಒಂದು ತುದಿ ಗಿಣ್ಣು ಬರುವಂತೆ ಕೊಯ್ದು, ಕಟ್ಟಿ, ಮಳೆ ಬೀಳದ ಸೂರಿನ ಕೆಳಗೆ ಅಡ್ಡಲಾಗಿ ತೂಗುಹಾಕಿ. ಸತ್ತ ಮರದ ಒಂದು ಕಾಂಡವನ್ನಾದರೂ ಬೇಲಿಯಲ್ಲಿ ನಿಲ್ಲಲು ಬಿಡಿ. ಬೇಲಿಯ ಗೊಬ್ಬರದ ಗಿಡವನ್ನು ಹೂ ಮುಗಿದ ಮೇಲೆ ಸವರಿ. ಬದನೆಗೆ ಕಾಯಿಕೊರಕ ಬಂತೆಂದು ವಾರಕ್ಕೊಮ್ಮೆ ಔಷಧ ಹೊಡೆಯುವ ಅಭ್ಯಾಸ ಇದೆಯಲ್ಲ, ನನಗೆ ಅದರದ್ದೇ ಹೆಚ್ಚು ಚಿಂತೆ. ಹುಳ ಬಿದ್ದ ಕುಡಿ, ಕಾಯಿಗಳನ್ನು ಮೊದಲು ಕಿತ್ತು ನಾಶಮಾಡಿ. ಹೊಡೆಯಲೇಬೇಕಾದರೆ ಹೊತ್ತು ಮುಳುಗುವ ಹೊತ್ತಿಗೆ ಹೊಡೆಯಿರಿ.

ಪ್ರಶ್ನೆ: ದುಂಬಿಗಳು ನಮ್ಮ ಕೊಟ್ಟಿಗೆಯ ಪಕಾಸಿ ಕೊರೆದು ಹೊಟ್ಟು ಉದುರಿಸುತ್ತಿವೆ. ಮನುಷ್ಯರ ಮುಖಕ್ಕೇ ನುಗ್ಗಿ ಬರುತ್ತವೆ. ಯಾವ ಔಷಧ ಹೊಡೆಯಬೇಕು?
– ರೈತ, ಸಾಗರ ತಾಲ್ಲೂಕು

ಉತ್ತರ: ಔಷಧ ಬೇಡ ಸ್ವಾಮಿ. ಮುಖಕ್ಕೆ ನುಗ್ಗುವುದು ಸಾಮಾನ್ಯವಾಗಿ ಗಂಡು, ಜಾಗ ಕಾಯುವವನು. ಅವನಿಗೆ ಕೊಂಡಿಯೇ ಇಲ್ಲ. ಹೆಣ್ಣಿಗೆ ಇದೆ, ಆದರೆ ಕೈಯಲ್ಲಿ ಹಿಡಿದರೆ ಮಾತ್ರ ಚುಚ್ಚುತ್ತೆ. ಗೆದ್ದಲಿನ ಹಾಗೆ ಇದು ಮರ ತಿನ್ನುವುದಿಲ್ಲ, ಕೊರೆದ ಹೊಟ್ಟನ್ನು ಹೊರಗೆ ಹಾಕುತ್ತೆ. ಒಂದೆರಡು ತೂತಿನಿಂದ ಮಾಡು ಬೀಳುವುದಿಲ್ಲ. ಆದರೆ ಹಳೇ ತೂತನ್ನೇ ವರ್ಷವರ್ಷವೂ ಉದ್ದ ಮಾಡುತ್ತಾ ಹೋದರೆ ಸಣ್ಣ ಪಕಾಸಿ ಸೋಲುತ್ತೆ, ನಿಮ್ಮ ಚಿಂತೆ ಸರಿಯೇ. ಬಣ್ಣ ಅಥವಾ ವಾರ್ನಿಷ್ ಬಳಿದ ಮರವನ್ನು ದುಂಬಿ ಅಷ್ಟಾಗಿ ಮುಟ್ಟುವುದಿಲ್ಲ. ಮರಿಗಳು ಹೊರಬಂದು ತೂತು ಖಾಲಿಯಾದ ಮೇಲೆ ಮರದ ಬೆಣೆ ಹೊಡೆದು ಮುಚ್ಚಿ, ಬಣ್ಣ ಬಳಿಯಿರಿ. ಅದಕ್ಕೂ ಮೊದಲೇ ಹತ್ತಿರದಲ್ಲಿ ಮೇಲೆ ಹೇಳಿದ ಬಿದಿರಿನ ಕಟ್ಟು ತೂಗುಹಾಕಿ.

ಇನ್ನೊಂದು ಮಾತು. ಕೃಷಿ ಕರಪತ್ರಗಳಲ್ಲಿ ತೆಂಗಿನ ಸುಳಿ ಕೊರೆಯುವ ಕುರುವಾಯಿ ಹುಳಕ್ಕೂ ದುಂಬಿ ಅಂತಲೇ ಬರೆಯುತ್ತಾರೆ. ಹೆಸರು ಒಂದೇ ಆದ್ದರಿಂದ ಎಷ್ಟೋ ಮನೆಗಳಲ್ಲಿ ಇದಕ್ಕೂ ಏಟು ಬೀಳುತ್ತೆ. ಇದು ಜೇನಿನ ಜಾತಿ, ಅದು ಗಟ್ಟಿ ಚಿಪ್ಪಿನ ಹುಳ.

ಪ್ರಶ್ನೆ: ಪಾಲಿಹೌಸ್‌ನಲ್ಲಿ ಟೊಮೆಟೊ ಹಾಕಿದ್ದೇನೆ. ಹೊರದೇಶದಲ್ಲಿ ಬಂಬಲ್‌ಬೀ ಪೆಟ್ಟಿಗೆ ಸಿಗುತ್ತವಂತೆ. ತರಿಸಬಹುದೇ?
– ಯುವ ಕೃಷಿಕ, ಹೊಸನಗರ

ಉತ್ತರ: ದಯವಿಟ್ಟು ಆ ಯೋಚನೆ ಬಿಡಿ. ಚಿಲಿ ದೇಶ 1998ರ ಸುಮಾರಿಗೆ ಯುರೋಪಿನ ಬಂಬಲ್‌ಬೀಯನ್ನು ಹೀಗೇ ತರಿಸಿತು. ಅದು ಹೊರಗೆ ಹಬ್ಬಿ ಪಕ್ಕದ ಅರ್ಜೆಂಟೀನಾಗೂ ದಾಟಿತು. ಪ್ರಪಂಚದಲ್ಲೇ ಅತಿ ದೊಡ್ಡದಾದ ಅಲ್ಲಿನ ಕೇಸರಿ ಬಣ್ಣದ ಬಂಬಲ್‌ಬೀ, ಹೊಸಬರು ಹೋದ ಕಡೆಯೆಲ್ಲ ಕಾಣೆಯಾಗುತ್ತಾ ಬಂತು. ಹಿಮಾಚಲದವರು ತಮ್ಮ ಬೆಟ್ಟದ ಬಂಬಲ್‌ಬೀಯನ್ನೇ ಸಾಕಿ ಪಾಲಿಹೌಸ್ ಟೊಮೆಟೊಗೆ ಬಳಸಿ ನೋಡಿದ್ದಾರೆ. ಅದು ಅವರ ಊರಿನ ಜೀವ, ನಮ್ಮದಲ್ಲ.

ನಿಮ್ಮ ಕೆಲಸಕ್ಕೆ ಕೈಯೇ ಸಾಕು. ಟೊಮೆಟೊ ಹೂವಿನಲ್ಲಿ ಗಂಡು ಹೆಣ್ಣು ಎರಡೂ ಇವೆ, ಬೇಕಾದ್ದು ಅಲುಗಾಟ ಮಾತ್ರ. ಇಬ್ಬನಿ ಆರಿದ ಮೇಲೆ, ಹನ್ನೊಂದು ಗಂಟೆಯೊಳಗೆ, ಬಳ್ಳಿ ಕಟ್ಟಿದ ದಾರವನ್ನು ಕೋಲಿನಿಂದ ಮೆಲ್ಲಗೆ ತಟ್ಟುತ್ತಾ ಹೋಗಿ. ಬ್ಯಾಟರಿ ಹಲ್ಲುಜ್ಜುವ ಬ್ರಷ್ ಇದ್ದರೆ ಗೊಂಚಲಿನ ತೊಟ್ಟಿಗೆ ಒಂದು ಕ್ಷಣ ತಾಗಿಸಿ. ದಿನ ಬಿಟ್ಟು ದಿನ ಮಾಡಿದರೂ ಸಾಕು.