ಬುದ್ಧಿ ಹೇಳುವವರು

ಎರಡನೇ ಮಹಾಯುದ್ಧದ ನಂತರದ ಟೋಕಿಯೊ ಕುರಿತ ಲೇಖನ ಓದಿ ದಾವಣಗೆರೆಯ ಓದುಗರೊಬ್ಬರು ಕೇಳಿದ್ದಾರೆ: “ದೇಶ ಕಟ್ಟುವುದು ಬಿಟ್ಟು ಕಳ್ಳತನಕ್ಕಿಳಿದ ಪಡ್ಡೆ ಹುಡುಗರ ಮೇಲೆ ಅಷ್ಟೇಕೆ ಕನಿಕರ? ಅವರು ಗುರಿಯಿಲ್ಲದ ಮೈಗಳ್ಳರು. ಮನೆಯಲ್ಲಿ ಬುದ್ಧಿ ಹೇಳುವ ಹಿರಿಯರು ಇರಲಿಲ್ಲವೆ?”

ಸಂಪಾದಕರ ಉತ್ತರ:

ಮಾನ್ಯರೇ, ಅವರಿಗೆ ಗುರಿ ಇತ್ತು. ಚಕ್ರವರ್ತಿಗಾಗಿ ಸಾಯುವುದೇ ಆ ಗುರಿ. ಶಾಲೆ, ಸೇನೆ, ಪತ್ರಿಕೆ ಎಲ್ಲವೂ ಅದನ್ನೇ ಕಲಿಸಿದ್ದವು. 1945ರ ಆಗಸ್ಟ್ 15ರ ಮಧ್ಯಾಹ್ನ ರೇಡಿಯೊದಲ್ಲಿ ಚಕ್ರವರ್ತಿಯ ದನಿ ಬಂತು, ಯುದ್ಧ ಮುಗಿಯಿತು. ಆತ್ಮಾಹುತಿ ವಿಮಾನ ಏರಲು ಸರದಿ ಕಾಯುತ್ತಿದ್ದ ಹುಡುಗರು ಬರಿಗೈಯಲ್ಲಿ ಊರಿಗೆ ಬಂದರು. ಅವರಲ್ಲಿ ದಾರಿ ತಪ್ಪಿದವರಿಗೆ ಜನ ಇಟ್ಟ ಹೆಸರು ‘ತೊಕ್ಕೊ ಕುಜುರೆ’. ಆತ್ಮಾಹುತಿ ಪಡೆಯಿಂದ ಉದುರಿದವರು ಎಂದು ಅರ್ಥ. ಸಾಯದೆ ಉಳಿದದ್ದೇ ಬೈಗುಳವಾದರೆ ಹುಡುಗ ಎಲ್ಲಿಗೆ ಹೋಗಬೇಕು?

ಹೋದದ್ದು ಕಾಳಸಂತೆಗೆ. ಶರಣಾಗತಿಯಾಗಿ ಐದೇ ದಿನಕ್ಕೆ ಟೋಕಿಯೊದ ಶಿಂಜುಕು ಬಡಾವಣೆಯಲ್ಲಿ ಅಂಥ ಸಂತೆ ನೆರೆದಿತ್ತು. ಪಡಿತರ ದೊಡ್ಡವರಿಗೆ ದಿನಕ್ಕೆ ಸುಮಾರು 300 ಗ್ರಾಂ ಧಾನ್ಯ, ಅದೂ ಹೊತ್ತಿಗೆ ಬರುತ್ತಿರಲಿಲ್ಲ. ಹೊರನಾಡುಗಳಿಂದ ಮರಳಿದ ಸೈನಿಕರು, ನಾಗರಿಕರೇ 60 ಲಕ್ಷಕ್ಕೂ ಹೆಚ್ಚು. ಕಾನೂನು ಮುರಿಯದೆ ಉಣ್ಣುವಂತಿರಲಿಲ್ಲ ಎಂದು ನಾನು ಉತ್ಪ್ರೇಕ್ಷೆಗೆ ಹೇಳುತ್ತಿಲ್ಲ. ಟೋಕಿಯೊದಲ್ಲಿ ಯಾಮಾಗುಚಿ ಯೊಶಿತಾದ ಎಂಬ ನ್ಯಾಯಾಧೀಶರು ಕಾಳಸಂತೆಯ ಮೊಕದ್ದಮೆಗಳನ್ನು ವಿಚಾರಿಸುತ್ತಿದ್ದರು. ಇತರರನ್ನು ಶಿಕ್ಷಿಸುವ ತಾನು ಕಳ್ಳಅಕ್ಕಿ ತಿನ್ನಲಾರೆ ಎಂದು ಪಟ್ಟು ಹಿಡಿದರು, ಪಡಿತರದಲ್ಲೂ ಹೆಚ್ಚು ಪಾಲನ್ನು ಮಕ್ಕಳಿಗೆ ಬಿಟ್ಟರು. 1947ರ ಅಕ್ಟೋಬರ್‌ನಲ್ಲಿ ತೀರಿಕೊಂಡಾಗ ಅವರಿಗೆ 33 ವರ್ಷ. ಆ ಸಾವನ್ನು ಮುಂದಿಟ್ಟು ನೋಡಿದರೆ, ಸಂತೆಯಲ್ಲಿ ಸಿಗರೇಟು ಮಾರುತ್ತ ಜೇಬಿಗೆ ಕೈಹಾಕಿದ ಹುಡುಗನನ್ನು ಮೈಗಳ್ಳ ಎನ್ನಲು ನನಗೆ ನಾಲಿಗೆ ಏಳುವುದಿಲ್ಲ.

ಒಂದು ಮಾತು ಒಪ್ಪುತ್ತೇನೆ. ಅವರು ದೋಚಿದ್ದು ಶ್ರೀಮಂತರನ್ನಲ್ಲ. ಕಿಮೊನೊ ಉಡುಪು ಕೊಟ್ಟು ಹಳ್ಳಿಯಿಂದ ಗೆಣಸು ಹೊತ್ತು ತಂದ ಹೆಂಗಸಿಗೆ ಆ ಗಂಟೇ ಮನೆಮಂದಿಯ ಊಟ. ಅವಳ ಸಂಕಟಕ್ಕೆ ನಮ್ಮ ಲೇಖನದಲ್ಲಿ ಜಾಗ ಕೊಡದೆ ಹೋದದ್ದು ತಪ್ಪು.

ಇನ್ನು ಹಿರಿಯರ ಮಾತು. 1945ರ ಮಾರ್ಚ್ 10ರ ಒಂದೇ ರಾತ್ರಿ ಬಾಂಬಿನ ಬೆಂಕಿಗೆ ಟೋಕಿಯೊದಲ್ಲಿ ಸುಮಾರು ಒಂದು ಲಕ್ಷ ಜನ ಸತ್ತರು. ದಾಳಿಗೆ ಅಂಜಿ ಹಳ್ಳಿಗಳಿಗೆ ಕಳಿಸಿದ್ದ ಶಾಲಾಮಕ್ಕಳು ತಿರುಗಿ ಬಂದಾಗ ಎಷ್ಟೋ ಮಂದಿಗೆ ಮನೆಯಿದ್ದ ಬೀದಿಯೇ ಇರಲಿಲ್ಲ. ಉಯೆನೊ ರೈಲು ನಿಲ್ದಾಣದ ನೆಲಮಾಳಿಗೆಯ ದಾರಿಯಲ್ಲಿ ಒಬ್ಬರಿಗೊಬ್ಬರು ಅಂಟಿಕೊಂಡು ಮಲಗುತ್ತಿದ್ದರು. 1948ರಲ್ಲಿ ಸರ್ಕಾರ ಲೆಕ್ಕ ತೆಗೆದಾಗ ದೇಶದಲ್ಲಿ ಸಿಕ್ಕ ಅನಾಥ ಮಕ್ಕಳು 1,23,511. ನೀವು ಕೇಳುವ ಹಿರಿಯರು ಅವರ ಮನೆಗಳಲ್ಲಿ ಇರಲಿಲ್ಲ.